ಲಕ್ಕಲಕಟ್ಟಿಯಲ್ಲಿ ರೊಟ್ಟಿಯ ಪಾಠ

ಪ್ರವಾಸದಿಂದ ಮರಳಿದವರು ಹೊತ್ತು ತರುವ ವಸ್ತುಗಳಲ್ಲಿ ಬಹುಭಾಗವು ಒಂದೆರಡು ವರುಷಗಳಲ್ಲಿ ಕಪಾಟಿನ ಧೂಳಿಗೆ ಸಲ್ಲುತ್ತದೆ. ಗುಡಿಗೋಪುರಗಳ ಚಿತ್ರಗಳನ್ನೂ ಬಣ್ಣದ ಬೊಂಬೆಗಳನ್ನೂ ನೋಡಿ ನೋಡಿ ಕಣ್ಣು ಬೇಸರುತ್ತದೆ. ಪರಸ್ಥಳದಲ್ಲಿ ಕೈ ಕಲಿತು ಬಂದ ಕೆಲಸವು ಹಾಗಲ್ಲ. ಅದು ಬಳಸಿದಷ್ಟೂ ಹೊಸದಾಗುತ್ತದೆ. ಈ ಮರ್ಮವನ್ನು ಅರಿತೇ ಏನೋ, ಈಚಿನ ಪ್ರವಾಸಿಗಳು ತಾವು ಹೋದ ಊರುಗಳಲ್ಲಿ ಅಡಿಗೆಯ ಪಾಠಗಳಿಗೆ ಸೇರತೊಡಗಿದ್ದಾರೆ.

ಯುರೋಪಿನ ಚೆಕ್ ದೇಶದ ರಾಜಧಾನಿಯಾದ ಪ್ರಾಗಿನಲ್ಲಿ ಇಂಥ ಪಾಠಗಳುಂಟು. ಹಣ ತೆತ್ತು ಸೇರಿದವರು ಕೆಲವು ತಾಸು ಒಲೆಯ ಮುಂದೆ ನಿಂತು ಆ ನಾಡಿನ ಮನೆಯಡಿಗೆಯನ್ನು ಕೈಯಾರೆ ಮಾಡಿ, ತಾವೇ ಉಂಡು ಬರುತ್ತಾರೆ. ಅಲ್ಲಿಯ ಜನರ ಊಟದಲ್ಲಿ ಕ್ನೆಡ್ಲೀಕ್ ಎಂಬುದೊಂದು ಮುಖ್ಯವಾದ ಪದಾರ್ಥ. ಗೋದಿಯ ಹಿಟ್ಟು, ಹಾಲು, ತತ್ತಿ, ಯೀಸ್ಟು ಇವುಗಳೊಂದಿಗೆ ಹಳೆಯ ಬ್ರೆಡ್ಡಿನ ತುಣುಕುಗಳನ್ನು ಕಲಸಿ, ಉದ್ದನೆಯ ಉಂಡೆ ಮಾಡಿ, ಕುದಿಯುವ ನೀರಿನಲ್ಲಾಗಲಿ ಹಬೆಯಲ್ಲಾಗಲಿ ಬೇಯಿಸುತ್ತಾರೆ. ಬೆಂದ ಉಂಡೆಯನ್ನು ಚೂರಿಯಿಂದ ಕೊಯ್ದರೆ ಅದು ಒತ್ತಿಕೊಂಡು ಹೋಗುವುದೆಂದು ದಾರದಿಂದ ಹೋಳು ಮಾಡುವ ರೂಢಿಯಿದೆ. ದಾರದಿಂದ ಕತ್ತರಿಸಬೇಕೆಂಬುದು ಪುಸ್ತಕದಲ್ಲಿ ಒಂದೇ ವಾಕ್ಯ. ಎಷ್ಟು ಬಿಗಿಯಾಗಿ ಎಳೆಯಬೇಕೆಂಬುದನ್ನು ಮಾತ್ರ ಕೈಯೇ ಅರಿಯಬೇಕು. ಪಾಠಕ್ಕೆ ಹೋಗುವವರು ಹಣ ಕೊಡುವುದು ಆ ಎರಡನೆಯ ತಿಳಿವಳಿಕೆಗಾಗಿ.

ಅಂಥ ತಿಳಿವಳಿಕೆಯನ್ನು ಪಡೆಯಲು ಸಮುದ್ರವನ್ನು ದಾಟಲೇಬೇಕೆಂಬ ನಿಯಮವಿಲ್ಲ. ರಾಗಿಯ ಮುದ್ದೆಯನ್ನು ಉಂಡು ಬೆಳೆದ ಮೈಸೂರಿನ ಕಡೆಯವನಾದ ನನಗೆ ಉತ್ತರದ ಜೋಳದ ಸೀಮೆಯ ಅಡಿಗೆಮನೆಯು ಪ್ರಾಗಿನಷ್ಟೇ ದೂರದ್ದಾಗಿತ್ತು. ಎಳ್ಳ ಅಮಾವಾಸ್ಯೆಗೆ ನಾಲ್ಕು ದಿನವಿರಲು ಮಿತ್ರರೊಬ್ಬರ ಕರೆಯ ಮೇರೆಗೆ ನಾನು ಗಜೇಂದ್ರಗಡದ ಸಮೀಪದ ಲಕ್ಕಲಕಟ್ಟಿಗೆ ಹೋದೆನು. ಹಿಂದೆ ಧಾರವಾಡ ಜಿಲ್ಲೆಗೆ ಸೇರಿದ್ದ ಈ ಸೀಮೆಯು 1997ರಿಂದ ಗದಗ ಜಿಲ್ಲೆಯಲ್ಲಿದೆ. ಎರೆಯ ಹೊಲಗಳಲ್ಲಿ ಹಿಂಗಾರಿ ಜೋಳವು ತೆನೆ ಬಿಟ್ಟು ನಿಂತಿತ್ತು. ಮಳೆಗಾಲದ ಕೊನೆಗೆ ಬಿತ್ತಿದ ಈ ಬೆಳೆಯು ಆಮೇಲೆ ಮಳೆಯನ್ನು ಹೆಚ್ಚಾಗಿ ನೆಚ್ಚುವುದಿಲ್ಲ. ಕರಿಮಣ್ಣು ತನ್ನೊಳಗೆ ಹಿಡಿದಿಟ್ಟ ತಂಪಿನಿಂದಲೂ ಚಳಿಗಾಲದ ಇಬ್ಬನಿಯಲ್ಲಿಯೂ ಬೆಳೆಯುತ್ತದೆ. 1930ರ ದಶಕದಲ್ಲಿ ಸೋಲಾಪುರದ ಕಡೆಯ ಮೋಹೋಳದಲ್ಲಿ ನಾಡತಳಿಯಿಂದ ಆಯ್ದು ತೆಗೆದ ಎಂ 35-1 ಎಂಬ ಮಾಲದಂಡಿ ಜೋಳವನ್ನು ಈ ಭಾಗದ ಒಕ್ಕಲಿಗರು ಇಂದಿಗೂ ಬಿತ್ತುತ್ತಾರೆ. ಅದರ ರೊಟ್ಟಿಯ ಬಿಳುಪನ್ನೂ ಸವಿಯನ್ನೂ ಮೀರಿಸುವ ಜೋಳವಿಲ್ಲವೆಂದು ಇಲ್ಲಿಯವರ ನಂಬಿಕೆ.

ಎಳ್ಳ ಅಮಾವಾಸ್ಯೆಯು ಚರಗ ಚೆಲ್ಲುವ ಹಬ್ಬ. ಆ ದಿನ ಮನೆಮಂದಿಯೆಲ್ಲ ಹೊಲಕ್ಕೆ ಹೋಗಿ ಭೂತಾಯಿಗೆ ಎಡೆಮಾಡಿ, ಬೆಳೆಯ ನಡುವೆ ಅನ್ನವನ್ನು ಚೆಲ್ಲಿ, ಅಲ್ಲಿಯೇ ಕುಳಿತು ಉಣ್ಣುವರು. ಅದಕ್ಕಾಗಿ ಜೋಳದ ರೊಟ್ಟಿಯನ್ನೂ, ಎಳ್ಳು ಹಚ್ಚಿದ ಸಜ್ಜೆಯ ರೊಟ್ಟಿಯನ್ನೂ ಎಷ್ಟೋ ದಿನ ಮೊದಲೇ ಬಡಿದು, ಒಣಗಿಸಿ, ಬುಟ್ಟಿಯಲ್ಲಿ ಒಟ್ಟುತ್ತಾರೆ. ನನ್ನ ಮಿತ್ರರ ಮನೆಯ ಹಿತ್ತಿಲಲ್ಲಿಯೂ ಮೂರು ಕಲ್ಲಿನ ಒಲೆ ಹೂಡಿತ್ತು. ಒಳಗೆ ಗ್ಯಾಸಿನ ಒಲೆಯಿದ್ದರೂ ಹಬ್ಬದ ರೊಟ್ಟಿಗೆ ಕಟ್ಟಿಗೆಯ ಉರಿಯೇ ಬೇಕೆಂದು ಆ ಮನೆಯ ಅಜ್ಜಿಯವರ ಮತ.

ನಾನು ರೊಟ್ಟಿ ಬಡಿಯಲು ಕಲಿಯಬೇಕೆಂದಾಗ ಮನೆಯ ಗಂಡಸರು ನಕ್ಕರು. ಅಜ್ಜಿಯವರು ನಗಲಿಲ್ಲ. "ಹಿಟ್ಟಿಗೆ ಗಂಡಸು ಹೆಂಗಸು ಗೊತ್ತಿಲ್ಲ ಬಿಡ್ರಿ. ನೀರು ಕಾದಿತ್ತೋ ಇಲ್ಲೋ, ಅಷ್ಟ ಗೊತ್ತು" ಎಂದು ತಮ್ಮ ಪಕ್ಕದಲ್ಲಿ ಒಂದು ಮಣೆಯನ್ನು ಸರಿಸಿದರು.

ಆ ಒಂದು ಮಾತಿನಲ್ಲಿಯೇ ಪಾಠದ ಅರ್ಧವಿತ್ತೆಂದು ನನಗೆ ಆಮೇಲೆ ತಿಳಿಯಿತು. ಗೋದಿಯ ಹಿಟ್ಟಿನಲ್ಲಿ ನೀರು ಬಿದ್ದೊಡನೆ ಜಿಗುಟಾಗಿ ಹೆಣೆದುಕೊಳ್ಳುವ ಒಂದು ಸಸಾರಜನಕವಿದೆ. ಆದುದರಿಂದಲೇ ಚಪಾತಿಯನ್ನು ಲಟ್ಟಿಸಲು ಬರುತ್ತದೆ. ಜೋಳದಲ್ಲಿ ಅದಿಲ್ಲ. ತಣ್ಣೀರಿನಲ್ಲಿ ಕಲಸಿದ ಜೋಳದ ಹಿಟ್ಟು ತಟ್ಟಿದರೆ ಸೀಳುತ್ತದೆ. ಕುದಿಯುವ ನೀರನ್ನು ಹೊಯ್ದಾಗ ಹಿಟ್ಟಿನ ಪಿಷ್ಟವು ಉಬ್ಬಿ ಅಂಟಾಗುತ್ತದೆ. ಆ ಅಂಟೇ ರೊಟ್ಟಿಯನ್ನು ಹಿಡಿದಿಡುವ ಬಂಧನ. ಬೀಸಿ ಬಹಳ ದಿನವಾದ ಹಿಟ್ಟಿಗೆ ಜಿಗಿ ಕಡಿಮೆಯೆಂದು ಎಂಟು ದಿನಕ್ಕೆ ಬೇಕಾದಷ್ಟನ್ನೇ ಗಿರಣಿಗೆ ಕಳಿಸುವುದು ಆ ಮನೆಯ ಪದ್ಧತಿ. ಶಾಸ್ತ್ರಜ್ಞರು ಹೇಳುವ ಕಾರಣವನ್ನು ಅಜ್ಜಿಯವರು ಕೇಳಿದವರಲ್ಲ. ಆದರೆ ಅದರ ಒಂದು ನಿಯಮವನ್ನೂ ಅವರ ಕೈ ಮೀರಿದ್ದಿಲ್ಲ.

ಪರಾತದಲ್ಲಿ ಹಿಟ್ಟನ್ನು ಗುಡ್ಡೆಮಾಡಿ, ನಡುವೆ ಕುಣಿ ತೋಡಿ, ಎಸರನ್ನು ಹೊಯ್ದು, ಮೊದಲು ಹುಟ್ಟಿನಿಂದ ತಿರುವಿದೆವು. ಎಷ್ಟು ನೀರು ಎಂದು ಕೇಳಿದೆನು. "ಹಿಟ್ಟು ಬೇಡಿದಷ್ಟು" ಎಂದರು. ಯಾವಾಗ ಕೈಹಾಕಬೇಕು ಎಂದೆನು. "ಸುಡತದ ಅನ್ನೂದರಾಗ ಹಾಕಬೇಕು, ಆರಿದ ಮ್ಯಾಲೆ ಹಾಕಿದರ ಅದು ನಿಮ್ಮ ಮಾತು ಕೇಳೂದಿಲ್ಲ" ಎಂದರು. ಅಂಗೈಯ ಬುಡದಿಂದ ಒತ್ತಿ ಒತ್ತಿ ನಾದಿದಂತೆ ಒರಟಾದ ಹಿಟ್ಟು ಬೆಣ್ಣೆಯಂತೆ ನುಣುಪಾಗುವುದನ್ನು ಕಣ್ಣಿಗಿಂತ ಮೊದಲು ಕೈ ಕಂಡುಕೊಂಡಿತು.

ಒಣಹಿಟ್ಟನ್ನು ಉದುರಿಸಿದ ಕಲ್ಲಿನ ಮೇಲೆ ಮುದ್ದೆಯನ್ನಿಟ್ಟು ಬಡಿಯುವುದು ಎರಡನೆಯ ಪಾಠ. ಬಲಗೈ ಬಡಿಯುತ್ತಿರುವಾಗಲೇ ರೊಟ್ಟಿಯು ತಾನಾಗಿ ತಿರುಗುತ್ತಿರಬೇಕು. ಎಡಗೈ ಅಂಚನ್ನು ಕಾಯುತ್ತಿರಬೇಕು. ನಡುವೆ ದಪ್ಪವಾಯಿತೋ ಅಂಚು ತೆಳ್ಳಗಾಯಿತೋ ಎಂಬುದನ್ನು ಕಿವಿಯೂ ಹೇಳಬಲ್ಲದು. ನನ್ನ ಕಡೆಗೆ ಬೆನ್ನು ಮಾಡಿ ಕಟ್ಟಿಗೆ ಸರಿಸುತ್ತಿದ್ದ ಅಜ್ಜಿಯವರು ಸಪ್ಪಳವನ್ನಷ್ಟೇ ಕೇಳಿ, "ನಟ್ಟನಡುವ ಬಿಡ್ರಿ, ದಂಡಿಗೆ ಬರ್ರಿ" ಎಂದರು. ಬಡಿದ ರೊಟ್ಟಿಯನ್ನು ಎರಡೂ ಅಂಗೈಗಳ ಮೇಲೆ ಎತ್ತಿ, ಹಿಟ್ಟು ಹತ್ತಿದ ಮೈ ಮೇಲಾಗುವಂತೆ ಹಂಚಿಗೆ ಹಾಕಿ, ಒದ್ದೆಯ ಅರಿವೆಯಿಂದ ನೀರು ಸವರಬೇಕು. ಆ ನೀರು ಆರುವಷ್ಟರಲ್ಲಿ ಮಗುಚಬೇಕು; ತಡವಾದರೆ ಮೈಯೆಲ್ಲ ಬಿರಿಯುತ್ತದೆ. ಕೊನೆಗೆ ಕೆಂಡದ ಮುಗ್ಗುಲಿಗೆ ನಿಲ್ಲಿಸಿದಾಗ ಒಳಗಿನ ತೇವವು ಹಬೆಯಾಗಿ, ಎರಡು ಪದರುಗಳನ್ನು ಅಗಲಿಸಿ, ರೊಟ್ಟಿಯನ್ನು ಪೂರ್ಣಚಂದ್ರನಂತೆ ಉಬ್ಬಿಸುತ್ತದೆ.

ಆ ಮುಂಜಾವಿನಲ್ಲಿ ನನ್ನ ಕೈಯಿಂದ ಏಳು ರೊಟ್ಟಿಗಳಾದುವು. ಕಡೆಯ ಎರಡು ಉಬ್ಬಿದುವು. ಬಿಸಿ ರೊಟ್ಟಿಯ ಮೇಲೆ ಬೆಣ್ಣೆ, ಪಕ್ಕದಲ್ಲಿ ಗುರೆಳ್ಳಿನ ಚಟ್ನಿ, ಎಣ್ಣೆಗಾಯಿ: ಅಂದಿನ ಉಪಾಹಾರದ ರುಚಿಯನ್ನು ವರ್ಣಿಸಲು ಹೋಗುವುದಿಲ್ಲ. ಅದಕ್ಕಿಂತ ಹೆಚ್ಚಾಗಿ ನನ್ನ ಮನಸ್ಸಿನಲ್ಲಿ ನಿಂತದ್ದು ಒಂದು ಲೆಕ್ಕ.

ಅಜ್ಜಿಯವರು ಸೊಸೆಯಾಗಿ ಈ ಮನೆಗೆ ಬಂದಾಗ ಹನ್ನೊಂದು ಮಂದಿ ಉಣ್ಣುವವರಿದ್ದರಂತೆ. ದಿನಕ್ಕೆ ಮೂವತ್ತು ರೊಟ್ಟಿಗೆ ಕಡಿಮೆಯಿಲ್ಲ. ನಲವತ್ತೈದು ವರ್ಷ ಹಾಗೆ ನಡೆಯಿತು. ನಾನು ಬೆರಳೆಣಿಸಿ ನೋಡಿದರೆ ಐದು ಲಕ್ಷಕ್ಕೆ ಹತ್ತಿರವಾಗುತ್ತದೆ. ಏಳು ರೊಟ್ಟಿಗಳು ನನಗೆ ಉಲ್ಲಾಸ. ಐದು ಲಕ್ಷ ರೊಟ್ಟಿಗಳು ಆಕೆಯ ಆಯುಷ್ಯ. ಇವೆರಡನ್ನೂ ಅಡಿಗೆ ಎಂಬ ಒಂದೇ ಶಬ್ದದಿಂದ ಕರೆಯುತ್ತೇವೆ.

ಬೀಸುವ ಕಲ್ಲಿನ ಹಾಡುಗಳು ಮರೆಯಾದುವಲ್ಲ ಎಂದು ಮಿತ್ರರು ಮರುಗಿದಾಗ ಅಜ್ಜಿಯವರು ಕೊಟ್ಟ ಉತ್ತರವನ್ನು ವಾಚಕರೂ ಕೇಳಬೇಕು. "ಗಿರಣಿ ಬಂತು, ನನ್ನ ರಟ್ಟಿ ಉಳದ್ವು. ಹಾಡು ಹೋತಂತ ಅಳಾವ್ರು ಒಂದಿನ ಬೀಸಿ ನೋಡಬೇಕು" ಎಂದರು. ಅವರ ಸೊಸೆಯು ದಿನವೂ ಕೆಲಸಕ್ಕೆ ಹೋಗುತ್ತಾಳೆ. ಮೊಮ್ಮಗಳು ಧಾರವಾಡದಲ್ಲಿ ಓದುತ್ತಾಳೆ. ಅಲ್ಲಿ ಅಂಗಡಿಯ ಖಡಕ್ ರೊಟ್ಟಿಯನ್ನು ಕೊಂಡು ತಿನ್ನುತ್ತಾಳೆ. ಆಕೆಗೆ ರೊಟ್ಟಿ ಬಡಿಯಲು ಬಾರದೆಂಬುದು ಅಜ್ಜಿಯವರಿಗೆ ವ್ಯಸನವಲ್ಲ. "ಅಕಿ ಕೈಯಾಗ ಪೆನ್ನು ಅದ, ಇರಲಿ" ಎಂದರು. ಸ್ವಲ್ಪ ಹೊತ್ತು ಬಿಟ್ಟು, "ಆದರ ಯಾರಿಗೂ ಬರದಂಗ ಆದರ?" ಎಂದು ತಮಗೆ ತಾವೇ ಕೇಳಿಕೊಂಡರು.

ಇದು ಸಣ್ಣ ಪ್ರಶ್ನೆಯಲ್ಲ. ಜೋಳದ ಮಾನವೇನೋ ಈಚೆಗೆ ಏರಿದೆ. ಭಾರತದ ಸೂಚನೆಯಂತೆ ವಿಶ್ವಸಂಸ್ಥೆಯು 2023ನೆಯ ಇಸವಿಯನ್ನು ಸಿರಿಧಾನ್ಯಗಳ ವರ್ಷವೆಂದು ಸಾರಿತು. ಆ ಧಾನ್ಯಗಳಲ್ಲಿ ಜೋಳವೂ ಒಂದು. ಗದಗ, ಹುಬ್ಬಳ್ಳಿಯಂಥ ಪಟ್ಟಣಗಳಲ್ಲಿ ಹೆಂಗಸರು ರೊಟ್ಟಿ ಮಾಡಿ ಮಾರಿ ಸಂಸಾರ ಸಾಗಿಸುತ್ತಿದ್ದಾರೆ. ಬಾದಾಮಿಯ ಬನಶಂಕರಿಯಲ್ಲಿ ಬುಟ್ಟಿ ಹೊತ್ತು ರೊಟ್ಟಿ, ಪಲ್ಯ, ಮೊಸರನ್ನು ಉಣಬಡಿಸುವ ತಾಯಂದಿರನ್ನು ಕಾಣದ ಯಾತ್ರಿಕರಿಲ್ಲ. ರೊಟ್ಟಿ ತಟ್ಟುವ ಯಂತ್ರಗಳೂ ಬಂದಿವೆ. ಕೂಲಿಯಿಲ್ಲದೆ ನಡೆದ ಕೆಲಸಕ್ಕೆ ಹೀಗೆ ಬೆಲೆ ಬಂದುದು ಒಳ್ಳೆಯದೇ. ಆದರೆ ಮನೆಯೊಳಗೆ ಈ ವಿದ್ಯೆಯು ಹೆಣ್ಣುಮಕ್ಕಳ ಕೈಯಲ್ಲಿ ಮಾತ್ರವಿದ್ದುದರಿಂದ, ಅವರು ಭಾರವೆಂದು ಇಳಿಸಿದ ದಿನ ಅದನ್ನು ಎತ್ತಿಕೊಳ್ಳಲು ಬೇರೆ ಕೈಯೇ ಇಲ್ಲದಂತಾಗಿದೆ. ಇಳಿಸುವ ಹಕ್ಕು ಅವರಿಗುಂಟು. ಇಷ್ಟು ಕಾಲ ಕುಳಿತು ಉಂಡವರು, ರೊಟ್ಟಿಯ ಸಪ್ಪಳ ಮರೆಯಾಗುತ್ತಿದೆಯೆಂದು ಬರಿದೆ ಹಲುಬುವುದು ತರವಲ್ಲ. ಮಣೆಯ ಮೇಲೆ ಕುಳಿತು ಕಲಿಯುವುದೇ ಅವರಿಗೆ ಉಳಿದ ದಾರಿ.

ಪ್ರಾಗಿನಲ್ಲಾದರೆ ಪಾಠಕ್ಕೆ ಇಂತಿಷ್ಟು ಶುಲ್ಕವೆಂದು ಗೊತ್ತಿರುತ್ತದೆ. ಲಕ್ಕಲಕಟ್ಟಿಯಲ್ಲಿ ಆ ಮಾತೆತ್ತುವುದೇ ಅಪಚಾರ. ಹೊರಡುವಾಗ ಅಜ್ಜಿಯವರು ಐದು ಸೇರು ಜೋಳವನ್ನು ಕಟ್ಟಿಕೊಟ್ಟು, "ಊರಿಗೆ ಹೋದ ಮ್ಯಾಲೆ ಕೈ ಬಿಡಬ್ಯಾಡ್ರಿ" ಎಂದರು. ಅದೇ ಅವರು ಕೇಳಿದ ಶುಲ್ಕವೆಂದು ತಿಳಿದೆನು. ಈಗ ನಮ್ಮ ಮನೆಯಲ್ಲಿ ಭಾನುವಾರದ ರೊಟ್ಟಿ ನನ್ನದು. ನನ್ನ ಹತ್ತು ವರ್ಷದ ಮಗನು ಒಣಹಿಟ್ಟನ್ನು ಉದುರಿಸುವ ಅಧಿಕಾರವನ್ನು ತಾನೇ ವಹಿಸಿಕೊಂಡಿದ್ದಾನೆ. ಈಚೆಗೆ ನೀರಿನ ಅರಿವೆಯನ್ನೂ ಬಿಟ್ಟುಕೊಡುವುದಿಲ್ಲ.

ದೂರದ ನಾಡಿಗೆ ಹೋಗಿ ಅಡಿಗೆ ಕಲಿಯುವ ಭಾಗ್ಯ ಎಲ್ಲರಿಗೂ ಇರಲಾರದು. ಆದರೆ ಪ್ರತಿಯೊಂದು ಮನೆಯಲ್ಲಿಯೂ, ಇಲ್ಲವೆ ಬಂಧುಗಳಲ್ಲಿ, ಅಳತೆಯಿಲ್ಲದೆ ಅಡಿಗೆ ಮಾಡಬಲ್ಲ ಒಬ್ಬ ತಾಯಿ ಇದ್ದೇ ಇರುವಳು. ಆಕೆಯಿಂದ ಪದಾರ್ಥಗಳ ಪಟ್ಟಿಯನ್ನು ಬರೆದುಕೊಂಡು ತೃಪ್ತರಾಗಬಾರದು. ಒಂದು ಮುಂಜಾನೆ ಆಕೆಯ ಒಲೆಯ ಬಳಿ ಒಂದು ಮಣೆಯನ್ನು ಬೇಡಬೇಕು. ನೀರು ಕುದಿಯುವ ಮೊದಲೇ ಹೋಗಿ ಕುಳಿತಿರಬೇಕು.