ಕರಗಿದ ಲೋಟ, ಕರಗದ ಬಾಟಲಿ

ಮುಸಫ್ಫಾದ ಹಳೆಯ ಕೋಣೆಯಲ್ಲಿ ನಾವು ಆರು ಜನ. ಇಬ್ಬರು ಪೇಂಟರ್, ಒಬ್ಬ ಗ್ಯಾರೇಜಿನವ, ಒಬ್ಬ ಬೈಕಿನಲ್ಲಿ ಊಟ ತಲುಪಿಸುವವ, ಇಬ್ಬರು ರಾತ್ರಿ ಪಾಳಿಯ ವಾಚ್‌ಮನ್‌ಗಳು. ಒಂದು ಶುಕ್ರವಾರ ಬೈಕಿನ ಹುಡುಗ ಚೈನ್ ತೊಳೆಯಲೆಂದು ಕರಕ್ ಚಹಾದ ಖಾಲಿ ಥರ್ಮಾಕೋಲ್ ಲೋಟಕ್ಕೆ ಪೆಟ್ರೋಲ್ ಸುರಿದ. ಬ್ರಶ್ ಹುಡುಕಿ ಬರುವಷ್ಟರಲ್ಲಿ ಲೋಟದ ತಳವೇ ಇಲ್ಲ! ವರಾಂಡದ ತುಂಬ ಪೆಟ್ರೋಲ್, ನಡುವೆ ಬಿಳಿ ಅಂಟಿನ ಒಂದು ಮುದ್ದೆ. (ಅಬುಧಾಬಿಯಲ್ಲಿ 2024ರ ಜೂನ್‌ನಿಂದ ಈ ಲೋಟಗಳಿಗೆ ನಿಷೇಧವಿದೆ. ಆಗ ಎಲ್ಲೆಲ್ಲೂ ಅವೇ.) ನಾವು ಹೊಟ್ಟೆ ಹಿಡಿದು ನಕ್ಕೆವು.

ಥರ್ಮಾಕೋಲ್ ಎಂದರೆ ಪಾಲಿಸ್ಟೈರೀನ್ ಎಂಬ ಪ್ಲಾಸ್ಟಿಕ್ಕನ್ನು ಗಾಳಿ ತುಂಬಿ ಉಬ್ಬಿಸಿದ್ದು. ಪೆಟ್ರೋಲ್ ಸೋಕಿದರೆ ಪ್ಲಾಸ್ಟಿಕ್ ಕರಗುತ್ತದೆ, ಗಾಳಿ ಹೊರಟುಹೋಗುತ್ತದೆ, ಉಳಿಯುವುದು ಆ ಅಂಟು. ಅವೆರಡೂ ಕಚ್ಚಾತೈಲದ ಮನೆಯವೇ, ನೆಂಟರು ಬೇಗ ಬೆರೆತರು ಅಂತ ಗ್ಯಾರೇಜಿನ ಅಣ್ಣ ತಮಾಷೆ ಮಾಡಿದ್ದರು.

ಆದರೆ ಎಲ್ಲ ಪ್ಲಾಸ್ಟಿಕ್ಕೂ ಹಾಗಲ್ಲ. ನಮ್ಮ ಐದು ಗ್ಯಾಲನ್ ನೀರಿನ ಕ್ಯಾನಿಗೆ ಪೇಂಟ್ ತಾಗಿತ್ತೆಂದು ಥಿನ್ನರ್ ಬಟ್ಟೆಯಿಂದ ಒರೆಸಿದೆವು. ಅದು ಪಾಲಿಕಾರ್ಬೊನೇಟ್. ಕರಗಲಿಲ್ಲ, ಮಂಜು ಕವಿದಂತಾಗಿ ಕೂದಲೆಳೆಯಂಥ ಬಿರುಕು ಬಿಟ್ಟಿತು. ಡಿಪಾಸಿಟ್ ಹೋಯಿತು. ಗ್ಯಾರೇಜಿನ ದಪ್ಪ ಪೆಟ್ರೋಲ್ ಕ್ಯಾನು ಮಾತ್ರ ಜಗ್ಗುವುದಿಲ್ಲ. ಅದರ ತಳದ ತ್ರಿಕೋನದಲ್ಲಿ 2 ಎಂದಿರುತ್ತದೆ, ಎಚ್‌ಡಿಪಿಇ. ಅದರ ಗೋಡೆಯಿಂದಲೂ ಪೆಟ್ರೋಲಿನ ಆವಿ ನಿಧಾನವಾಗಿ ಹೊರಬರುತ್ತದೆ. ಆ ಆವಿ ಗಾಳಿಗಿಂತ ಭಾರ, ನೆಲದ ಮೇಲೆ ಹರಡುತ್ತದೆ. ಕಿಟಕಿ ಮುಚ್ಚಿ ಎಸಿ ಹಾಕಿದ ಕೋಣೆ, ಮೂಲೆಯಲ್ಲಿ ಅಡುಗೆಯ ಒಲೆ. ಬೇರೆ ಹೇಳಬೇಕಿಲ್ಲ.

ನಮ್ಮನ್ನು ಹೆದರಿಸಿದ್ದು ಮಾತ್ರ ಇದಾವುದೂ ಅಲ್ಲ.

ಪೇಂಟರ್‌ಗಳಲ್ಲಿ ಒಬ್ಬರು ಬ್ರಶ್ ತೊಳೆಯುವ ವೈಟ್ ಸ್ಪಿರಿಟನ್ನು ಅರ್ಧ ಲೀಟರಿನ ನೀರಿನ ಬಾಟಲಿಯಲ್ಲಿ ತಂದು ಮಂಚದ ಕೆಳಗೆ ಇಟ್ಟಿದ್ದರು. ಆ ಬಾಟಲಿ ಪೆಟ್ ಪ್ಲಾಸ್ಟಿಕ್, ತ್ರಿಕೋನದಲ್ಲಿ 1. ವೈಟ್ ಸ್ಪಿರಿಟಿಗೆ ಅದು ಕರಗುವುದಿಲ್ಲ, ಬಿರಿಯುವುದಿಲ್ಲ, ಬಣ್ಣವೂ ಕೆಡುವುದಿಲ್ಲ. ಒಳಗಿನದೂ ನೀರಿನಷ್ಟೇ ತಿಳಿ. ಥರ್ಮಾಕೋಲ್ ಲೋಟ ಕರಗಿಯಾದರೂ ನಮಗೆ ಸುದ್ದಿ ಕೊಟ್ಟಿತ್ತು. ಈ ಬಾಟಲಿ ಎರಡು ವಾರ ಏನೂ ಹೇಳದೆ ಕೂತಿತ್ತು.

ಆಗಸ್ಟ್ ತಿಂಗಳು. ವಾಚ್‌ಮನ್‌ಗಳು ಮಲಗಿದ್ದರಿಂದ ಲೈಟ್ ಹಾಕಿರಲಿಲ್ಲ. ಬಿಸಿಲಿನಿಂದ ಬಂದ ಬೈಕಿನ ಹುಡುಗ ಕೈಗೆ ಸಿಕ್ಕಿದ ಬಾಟಲಿ ಎತ್ತಿ ಒಂದು ಗುಟುಕು ನುಂಗಿಬಿಟ್ಟ. ಕೆಮ್ಮಿನ ಸದ್ದಿಗೆ ಎಲ್ಲರೂ ಎದ್ದೆವು. ವಾಂತಿ ಮಾಡಿಸೋಣ, ಗಂಟಲಿಗೆ ಬೆರಳು ಹಾಕು ಅಂತ ನಮ್ಮಲ್ಲೇ ಕೂಗಾಟ. ಗ್ಯಾರೇಜಿನ ಅಣ್ಣ ಅವನ ಕೈ ಗಟ್ಟಿಯಾಗಿ ಹಿಡಿದು, "ಬೇಡ ಮಾರಾಯ, ಸುಮ್ಮನೆ ಕೂತ್ಕೋ" ಅಂದರು. 998ಕ್ಕೆ ಫೋನ್ ಮಾಡಿದೆವು.

ಆಸ್ಪತ್ರೆಯಲ್ಲಿ ಡಾಕ್ಟರ್ ಕೇಳಿದ ಮೊದಲ ಪ್ರಶ್ನೆಯೇ, ವಾಂತಿ ಮಾಡಿಸಿದಿರಾ? ಇಲ್ಲ ಅಂದಾಗ ತಲೆಯಾಡಿಸಿದರು. ಇಂಥ ಎಣ್ಣೆ ಹೊಟ್ಟೆಗಿಂತ ಶ್ವಾಸಕೋಶಕ್ಕೆ ಹೆಚ್ಚು ಅಪಾಯವಂತೆ. ವಾಂತಿಯಾಗುವಾಗ ಒಂದಿಷ್ಟು ಶ್ವಾಸನಾಳಕ್ಕೆ ಇಳಿದರೂ ನ್ಯುಮೋನಿಯಾ ಆಗಬಹುದು. ಎಕ್ಸ್‌ರೇ ತೆಗೆದು ರಾತ್ರಿಯಿಡೀ ಅಲ್ಲೇ ಇರಿಸಿಕೊಂಡರು. ಅಷ್ಟರಲ್ಲಿ ಕುಂದಾಪುರದಿಂದ ಅವನ ಹೆಂಡತಿಯ ಫೋನ್. "ಡ್ಯೂಟಿಯಲ್ಲಿದ್ದಾನೆ ಅಕ್ಕ, ಫೋನ್ ರೂಮಲ್ಲೇ ಬಿಟ್ಟು ಹೋಗಿದ್ದಾನೆ" ಅಂತ ಸುಳ್ಳು ಹೇಳಿದೆವು. ಆಸ್ಪತ್ರೆಯ ಕಾರಿಡಾರಿನಲ್ಲಿ ನಿಂತು ಹಾಗೆ ಹೇಳಿದ್ದು ಇಂದಿಗೂ ಚುಚ್ಚುತ್ತದೆ.

ಬಾಟಲಿ ತಂದವರು ಆ ರಾತ್ರಿ ಊಟ ಮಾಡಲಿಲ್ಲ. ನಾವು ಅವರನ್ನು ಬೈಯಲೂ ಇಲ್ಲ. ಎರಡು ವಾರ ಆ ಬಾಟಲಿಯನ್ನು ನಾವೆಲ್ಲ ನೋಡಿದ್ದೆವಲ್ಲ!

ಒಂದು ವಾರ ಕೆಮ್ಮಿ ಹುಡುಗ ಸುಧಾರಿಸಿಕೊಂಡ. ಈಗ ಥಿನ್ನರ್, ವೈಟ್ ಸ್ಪಿರಿಟ್ ಯಾವುದಿದ್ದರೂ ಅಂಗಡಿಯಿಂದ ಬಂದ ತಗಡಿನ ಡಬ್ಬಿಯಲ್ಲೇ, ಅದೂ ಸೈಟಿನ ಸ್ಟೋರಿನಲ್ಲೇ. ಹೋದ ತಿಂಗಳು ಅವನ ಮಗಳ ಹುಟ್ಟುಹಬ್ಬಕ್ಕೆ ಕೋಣೆಯಲ್ಲಿ ಪಾಯಸ ಮಾಡಿದ್ದೆವು. ಊಟದ ಮಧ್ಯೆ ಅಂಗಡಿಯಿಂದ ಆಗಷ್ಟೇ ತಂದಿದ್ದ ನೀರಿನ ಬಾಟಲಿಯ ಸೀಲ್ ಒಡೆದು, ಮೂಗಿನ ಹತ್ತಿರ ಹಿಡಿದು ಒಮ್ಮೆ ಮೂಸಿ, ಆಮೇಲೆ ಕುಡಿದ.