ಗಡಿಯಂಚಿನ ಕಿಲ್ಪೆಕ್

ಪ್ರಿಯ ಶಿಷ್ಯರೇ, ಗಡಿ ಎಂದರೆ ಭೂಪಟದ ಮೇಲೊಂದು ಗೆರೆ ಎಂದೇ ನಿಮಗೆ ಪಾಠ ಹೇಳಿದ್ದೆ. ಆ ಪಾಠ ಅಪೂರ್ಣವೆಂದು ಅರಿವಾದದ್ದು ಇಂಗ್ಲೆಂಡಿನಲ್ಲಿರುವ ಮಗಳ ಮನೆಗೆ ಹೋದಾಗ, ಕಿಲ್ಪೆಕ್ ಎಂಬ ಹಳ್ಳಿಯಲ್ಲಿ.

ಹೆರೆಫರ್ಡ್ ನಗರದ ನೈರುತ್ಯಕ್ಕೆ ಸುಮಾರು 14 ಕಿ.ಮೀ. ದೂರದಲ್ಲಿ, ವೇಲ್ಸ್ ಗಡಿಗೆ ಸಮೀಪ, ಹೊಲಗಳ ನಡುವೆ ಇರುವ ಪುಟ್ಟ ಊರಿದು. ಹಿಂದೆ ಎರ್ಗಿಂಗ್ ಎಂಬ ವೆಲ್ಷ್ ಸೀಮೆಗೆ ಸೇರಿತ್ತು. 1066ರಲ್ಲಿ ಇಂಗ್ಲೆಂಡನ್ನು ಗೆದ್ದ ನಾರ್ಮನ್ನರು ಇಲ್ಲಿಯೂ ದಿಬ್ಬದ ಮೇಲೊಂದು ಕೋಟೆ ಕಟ್ಟಿದರು. ಅದರ ಮಗ್ಗುಲಲ್ಲೇ ಸುಮಾರು 1140ರಲ್ಲಿ ಕೆಂಪು ಮರಳುಗಲ್ಲಿನ ಚರ್ಚು ಎದ್ದಿತು. ಮೇರಿ ಮಾತೆಯ ಜೊತೆಗೆ ಸಂತ ಡೇವಿಡ್ಡರ ಹೆಸರನ್ನೂ ಅದು ಹೊತ್ತಿದೆ.

ಕಟ್ಟಡ ಚಿಕ್ಕದು; ಪೂರ್ವದ ತುದಿ ಅರ್ಧವೃತ್ತಾಕಾರ. ದಕ್ಷಿಣದ ಬಾಗಿಲ ಕಂಬಗಳಲ್ಲಿ ಹೆಣೆದುಕೊಂಡ ಹಾವುಗಳು, ಬಳ್ಳಿಗಳ ನಡುವೆ ಯೋಧರು. ಸೂರಿನ ಕೆಳಗೆ ಸುತ್ತಲೂ ಎಂಬತ್ತಕ್ಕೂ ಹೆಚ್ಚು ಕೆತ್ತನೆಗಳು. ಒಂದರಲ್ಲಿ ನಾಯಿ, ಮೊಲ ಅಕ್ಕಪಕ್ಕದಲ್ಲೇ ಇವೆ. ಕೆತ್ತಿದವರ ಹೆಸರು ಉಳಿದಿಲ್ಲ. ಬೇಲೂರಿನ ಮದನಿಕೆಯರನ್ನು ಕಂಡರಿಸಿದ ಶಿಲ್ಪಿಗಳೂ ಅದೇ ಶತಮಾನದವರೆಂದು ನೆನೆದು ಕೈಮುಗಿದೆ.

ಕೋಟೆಯಲ್ಲಿ ಇಂದು ಉಳಿದಿರುವುದು ಗೋಡೆಯ ಎರಡು ತುಂಡು. ಚರ್ಚಿನ ಬಾಗಿಲು ಮಾತ್ರ ಒಂಬತ್ತು ಶತಮಾನಗಳ ಬಳಿಕವೂ ಬಂದವರನ್ನು ಒಳಗೆ ಕರೆಯುತ್ತಿದೆ. ಮತ್ತೆ ಪಾಠ ಹೇಳುವ ಭಾಗ್ಯ ಸಿಕ್ಕಿದರೆ, ಗೆರೆ ಎಳೆಯುವ ಮುನ್ನ ಈ ಬಾಗಿಲಿನ ಕಥೆ ಹೇಳುವೆ.