ಪೋಷಕರು ಯಾರು?

ಶಾಲೆಯ ಆಡಳಿತ ಮಂಡಳಿಯವರು ಕೋರ್ಟಿನ ಮೆಟ್ಟಿಲು ಹತ್ತಿದರೆಂದಾಗ, ಶಿಕ್ಷಣದ ಧ್ಯೇಯಗಳನ್ನು ಕುರಿತು ಭಿನ್ನಾಭಿಪ್ರಾಯ ಹುಟ್ಟಿರಬೇಕೆಂದು ಹೊರಗಿನವರು ಭಾವಿಸುವುದುಂಟು. ಗಡಿಭಾಗದ ಒಂದು ಕನ್ನಡ ಪ್ರೌಢಶಾಲೆಯಲ್ಲಿ ಪಾಠ ಹೇಳುತ್ತ, ವ್ಯಾಜ್ಯದ ನೆರಳಿನಲ್ಲಿಯೇ ಹಲವು ವರ್ಷ ಕಳೆದ ನನಗೆ ಕಂಡುದು ಬೇರೆ. ಸದಸ್ಯನಾರು, ಸದಸ್ಯನಲ್ಲದವನಾರು ಎಂಬುದಿಷ್ಟೇ ಪ್ರಶ್ನೆ. ಅದಕ್ಕೆ ಉತ್ತರ ಸಂಸ್ಥೆಯ ಧ್ಯೇಯವಾಕ್ಯದಲ್ಲಿ ದೊರೆಯದು. ವರ್ಗಣಿಯ ಪಾವತಿ ಪುಸ್ತಕದಲ್ಲಿ ದೊರೆತರೆ ದೊರೆತೀತು.

ಅಕ್ಕಲಕೋಟ, ಜತ್ತ, ದಕ್ಷಿಣ ಸೊಲ್ಲಾಪುರಗಳ ಸೀಮೆಯಲ್ಲಿ ಶಾಲೆ ನಡೆಯಿಸುವ ಸಂಘಗಳು ಸಾಮಾನ್ಯವಾಗಿ ಎರಡು ಕಾಯಿದೆಗಳಿಗೆ ಒಳಪಟ್ಟಿರುತ್ತವೆ. 1860ರ ಸಂಘಗಳ ನೋಂದಣಿ ಕಾಯಿದೆ ಒಂದು. 1950ರಲ್ಲಿ ಮುಂಬಯಿ ರಾಜ್ಯದಲ್ಲಿ ಜನಿಸಿ ಈಗ ಮಹಾರಾಷ್ಟ್ರದ ಹೆಸರು ಹೊತ್ತ ಸಾರ್ವಜನಿಕ ವಿಶ್ವಸ್ತ ಸಂಸ್ಥೆಗಳ ಕಾಯಿದೆ ಇನ್ನೊಂದು. ಮೊದಲನೆಯದರ 15ನೆಯ ಕಲಮು ಬಲು ನಿಷ್ಠುರವಾದುದು: ಮೂರು ತಿಂಗಳಿಗೆ ಮೀರಿ ವರ್ಗಣಿ ಬಾಕಿ ಉಳಿಸಿಕೊಂಡವನಿಗೆ ಮತವಿಲ್ಲ, ಅವನನ್ನು ಸದಸ್ಯನೆಂದು ಎಣಿಸುವಂತೆಯೂ ಇಲ್ಲ. ಶಾಲೆಗೆ ಹೊಲ ಬರೆದುಕೊಟ್ಟ ಮನೆತನದವನಾದರೂ ಅಷ್ಟೆ. ಎರಡನೆಯದರ 22ನೆಯ ಕಲಮಿನಂತೆ, ಮಂಡಳಿಯಲ್ಲಿ ಯಾರೇ ಬದಲಾದರೂ 90 ದಿನಗಳೊಳಗೆ ಧರ್ಮಾದಾಯ ಕಚೇರಿಗೆ ವರದಿ ಒಪ್ಪಿಸಬೇಕು. ಇದಕ್ಕೆ ನಮ್ಮ ಕಡೆ ಬದಲ್ ಅರ್ಜು ಎನ್ನುವರು. ಒಬ್ಬರು ತಕರಾರು ಎತ್ತಿದರೆ ವಿಚಾರಣೆ. ಅಲ್ಲಿಂದ ಮೇಲ್ಮನವಿ, ಜಿಲ್ಲಾ ನ್ಯಾಯಾಲಯ, ಕೊನೆಗೆ ಮುಂಬಯಿಯ ಉಚ್ಚ ನ್ಯಾಯಾಲಯ. ಐದನೆಯ ಇಯತ್ತೆಗೆ ಸೇರಿದ ಹುಡುಗ ಕಾಲೇಜು ಮುಗಿಸಿದರೂ ತಾರೀಖು ಮುಗಿಯದು.

ನಮ್ಮ ಸಂಸ್ಥೆಯ ಹಿರಿಯ ಕಾರ್ಯದರ್ಶಿಗಳು 2015ರಲ್ಲಿ ತೀರಿಕೊಂಡರು. ಅವರಿದ್ದಾಗ ಪಾವತಿ ಕೇಳಿದವರಿಲ್ಲ, ಅವರು ಹರಿದುಕೊಟ್ಟುದೂ ಇಲ್ಲ. ವರ್ಗಣಿಯು ಅವರ ಕೋಟಿನ ಕಿಸೆ ಸೇರಿ, ಅಲ್ಲಿಂದ ಸೀಮೆಸುಣ್ಣವಾಗಿಯೋ ಮಾಡಿನ ಹಂಚಾಗಿಯೋ ಶಾಲೆಗೆ ಬರುತ್ತಿತ್ತು. ಇಂಥ ಪ್ರಾಮಾಣಿಕತೆಗೆ ಕೋರ್ಟಿನಲ್ಲಿ ಪುರಾವೆಯೆಲ್ಲಿಯದು? ಅವರ ತರುವಾಯ ಒಂದೇ ರವಿವಾರ ಎರಡು ಸಭೆಗಳು ನೆರೆದವು, ಒಂದು ಶಾಲೆಯ ಸಭಾಗೃಹದಲ್ಲಿ, ಇನ್ನೊಂದು ಮಠದ ಅಂಗಳದಲ್ಲಿ. ಅಧ್ಯಕ್ಷರು ಇಬ್ಬರು, ಶಿಕ್ಕೆಗಳೂ ಎರಡು.

ಆಗ ನಡಾವಳಿ ಪುಸ್ತಕ ಹೊರಬಿದ್ದಿತು. ಅದೆಲ್ಲ ಅಚ್ಚ ಕನ್ನಡ. ಕನ್ನಡವರಿಯದ ಅಧಿಕಾರಿಗಳ ಮುಂದೆ ಮರಾಠಿಯ ಭಾಷಾಂತರ ಇಡಬೇಕಾಯಿತು. ವಕೀಲರ ಗುಮಾಸ್ತನು ಅದನ್ನು ಸಿದ್ಧಪಡಿಸಿದನು. ನಮ್ಮ ಘಟನೆಯಲ್ಲಿ 'ಪೋಷಕರು' ಎಂಬ ಒಂದು ವರ್ಗವುಂಟು. ದೊಡ್ಡ ಮೊತ್ತವನ್ನು ಒಮ್ಮೆಲೇ ಕೊಟ್ಟು ಆಮರಣ ಮತಾಧಿಕಾರ ಪಡೆದವರು ಅವರು, ವರ್ಷವರ್ಷದ ವರ್ಗಣಿ ಅವರಿಗಿಲ್ಲ. ಮರಾಠಿಯಲ್ಲಿ ಇವರನ್ನು ಆಶ್ರಯದಾತರೆನ್ನಬೇಕು. ಗುಮಾಸ್ತನು 'ಪಾಲಕ' ಎಂದು ಬರೆದನು. ಪಾಲಕರೆಂದರೆ ವಿದ್ಯಾರ್ಥಿಗಳ ತಂದೆತಾಯಿ! ಹದಿನಾಲ್ಕು ಮಂದಿ ಆಜನ್ಮ ಸದಸ್ಯರು ಒಂದು ಶಬ್ದದಿಂದ ಮತ ಕಳೆದುಕೊಂಡರು. ಅವರಲ್ಲಿ ಒಬ್ಬರಿಗೆ ಮಕ್ಕಳೇ ಇಲ್ಲವೆಂಬುದು ವಿಚಾರಣೆಯಲ್ಲಿ ಬಯಲಾಗಿ ತುಸು ನಗೆಯೂ ಹುಟ್ಟಿತು. ಹೊಸ ಭಾಷಾಂತರ ಸಲ್ಲಿಕೆಯಾಗುವಷ್ಟರಲ್ಲಿ ಎರಡು ವರ್ಷ ಸಂದವು. ಕನ್ನಡದಲ್ಲಿ ನಡಾವಳಿ ಬರೆಯುವುದನ್ನು ಬಿಡಬೇಕೆಂದು ಕೆಲವರು ಸೂಚಿಸಿದರು. ನಾನು ಒಪ್ಪಲಾರೆ, ಸದಸ್ಯವರ್ಗಗಳ ಮರಾಠಿ ಹೆಸರನ್ನು ಘಟನೆಯಲ್ಲಿಯೇ ಪಕ್ಕಕ್ಕೆ ನಮೂದಿಸಿದರೆ ಸಾಕು.

ಅತ್ತ ಗಣಿತದ ಗುರುಗಳು ನಿವೃತ್ತರಾದರು. ಹೊಸಬರ ನೇಮಕಕ್ಕೆ ಯಾವ ಕಾರ್ಯದರ್ಶಿಯ ಸಹಿ? ಭೂಗೋಲ ಹೇಳುವ ನಾನು ಬೀಜಗಣಿತ ಹೇಳತೊಡಗಿದೆ. ಒಂಬತ್ತನೆಯ ಇಯತ್ತೆಯ ಇಬ್ಬರು ಜಾಣ ಹುಡುಗಿಯರು ದೀಪಾವಳಿಯ ರಜೆಯ ತರುವಾಯ ನೆರೆಯೂರಿನ ಮರಾಠಿ ಶಾಲೆಗೆ ಹೋದರು. ಅವರ ತಂದೆ ನನ್ನ ಬಳಿಗೆ ಬಂದು, "ಗುರುಗಳೇ, ಬ್ಯಾಸರ ಮಾಡ್ಕೋಬ್ಯಾಡ್ರಿ" ಎಂದರು. ಅವರ ಮೇಲೆ ಬೇಸರಿಸಲು ನನಗಾವ ಹಕ್ಕು?

ಎರಡೂ ಬಣದವರು ಆಣೆಯಿಟ್ಟು ಹೇಳುವುದು, ಶಾಲೆ ಕನ್ನಡಿಗರ ಕೈತಪ್ಪಬಾರದೆಂದು. ಅದೇ ಭಯವನ್ನು ಮುಂದಿಟ್ಟು ಇಪ್ಪತ್ತು ವರ್ಷಗಳಿಂದ ಹೊಸ ಸದಸ್ಯರನ್ನೇ ಸೇರಿಸಿಕೊಂಡಿಲ್ಲ. ಇಲ್ಲಿಯೇ ಓದಿದವರನ್ನೂ ಸಹ. ಕಳೆದ ವರ್ಷ ಹನ್ನೊಂದು ಮಂದಿ ಹಳೆಯ ವಿದ್ಯಾರ್ಥಿಗಳು ವರ್ಗಣಿಯೊಡನೆ ಅರ್ಜಿ ತಂದರು. ಅದನ್ನು ಸ್ವೀಕರಿಸಬಲ್ಲ ಮಂಡಳಿ ಯಾವುದೆಂಬುದೇ ವಿವಾದದಲ್ಲಿರುವುದರಿಂದ ಎರಡೂ ಕಡೆಯವರು ಮುಟ್ಟಲಿಲ್ಲ. ಆ ಲಕೋಟೆ ಮುಖ್ಯಾಧ್ಯಾಪಕರ ಕಪಾಟಿನಲ್ಲಿ, ಹಾಜರಿ ಪುಸ್ತಕಗಳ ಕೆಳಗೆ ಇದೆ.